ನಮ್ಮ ಚಿತ್ರಪಟಗಳಲ್ಲಿ ವೃದ್ಧಸ್ತ್ರೀ

ಕನ್ನಡ ವಾಕ್ಚಿತ್ರವು ೧೯೩೪ನೆಯ ಇಸವಿಯಲ್ಲಿ ‘ಸತೀ ಸುಲೋಚನ’ದೊಡನೆ ಜನ್ಮ ತಾಳಿತು. ಅಂದಿನಿಂದ ಅದು ವೃದ್ಧಮಾತೆಗೆ ಸಲ್ಲಿಸುತ್ತ ಬಂದಿರುವ ಪೂಜೆಯನ್ನು ಕಂಡವರಿಗೆ, ವಯಸ್ಸಾದ ಸ್ತ್ರೀಗೆ ನಮ್ಮ ಚಿತ್ರಗಳಲ್ಲಿ ತಕ್ಕ ಸ್ಥಾನವಿಲ್ಲವೆಂದು ಯಾರಾದರೂ ಆಕ್ಷೇಪಿಸಿದರೆ ನಗು ಬಂದೀತು. ತಾಯಿಯ ಪಾದಕ್ಕೆರಗದ ಕಥಾನಾಯಕನುಂಟೆ? ಅಮ್ಮನನ್ನು ಕುರಿತ ಒಂದು ಹಾಡಿಲ್ಲದೆ ಹಣ ಮಾಡಿದ ಸಾಂಸಾರಿಕ ಚಿತ್ರಗಳೆಷ್ಟು? ಆದರೂ ಆಕ್ಷೇಪಕ್ಕೆ ಆಧಾರವುಂಟೆಂಬುದೇ ನಮ್ಮ ಅಭಿಪ್ರಾಯ. ಪೂಜೆಯ ಪ್ರಮಾಣವನ್ನು ಅಳೆಯುವುದು ಒಂದು ಮಾತು. ಪೂಜಿಸಲ್ಪಡುವವಳು ಚಿತ್ರದಲ್ಲಿ ಏನನ್ನು ಮಾಡುತ್ತಾಳೆ, ಏನನ್ನು ಬಯಸುತ್ತಾಳೆ, ಯಾವುದನ್ನು ನಿಶ್ಚಯಿಸುತ್ತಾಳೆ ಎಂದು ಕೇಳುವುದು ಬೇರೊಂದು ಮಾತು. ಈ ಎರಡನೆಯ ಪ್ರಶ್ನೆಯನ್ನು ಇಲ್ಲಿ ಕೆಲವು ಚಿತ್ರಗಳ ಮುಂದಿಟ್ಟು ನೋಡಬೇಕೆಂದಿದ್ದೇವೆ.

ಮೊದಲು ಒಂದು ಜೋಡಿಯನ್ನು ನೆನೆಯುವುದು ಉಚಿತ. ೧೯೩೬ರಲ್ಲಿ ಹೊರಬಂದ ‘ಸಂಸಾರ ನೌಕೆ’ಯಲ್ಲಿ ಬಿ. ಆರ್. ಪಂತುಲು ಅವರೂ ಎಂ. ವಿ. ರಾಜಮ್ಮನವರೂ ನಾಯಕ ನಾಯಿಕೆಯರು. ಇಪ್ಪತ್ತೆರಡು ವರ್ಷಗಳು ಕಳೆದ ಮೇಲೆ, ೧೯೫೮ರಲ್ಲಿ, ‘ಸ್ಕೂಲ್ ಮಾಸ್ಟರ್’ ಎಂಬ ಚಿತ್ರದಲ್ಲಿ ಅದೇ ಇಬ್ಬರೂ ವೃದ್ಧದಂಪತಿಗಳಾಗಿ ಕಾಣಿಸಿಕೊಂಡರು. ಬೆಳೆದ ಮಕ್ಕಳ ಅನಾದರಕ್ಕೆ ಗುರಿಯಾಗಿ ಗಂಡ ಹೆಂಡಿರು ಮುಪ್ಪಿನಲ್ಲಿ ಒಬ್ಬರನ್ನೊಬ್ಬರು ಅಗಲಿ ಬಾಳಬೇಕಾಗಿ ಬರುವುದೇ ಅದರ ಕಥೆಯ ತಿರುಳು. ಕಾಲವು ಇಬ್ಬರ ಮೇಲೆಯೂ ಸಮನಾಗಿ ನಡೆದಿದೆ. ಗಂಡಿಗೆ ರಿಯಾಯಿತಿಯಿಲ್ಲ, ಹೆಣ್ಣಿಗೆ ಅವಸರವಿಲ್ಲ. ಮುದುಕಿಗೆ ಮುದುಕನ ಮೇಲೆ ಪ್ರೀತಿಯಿರಬಲ್ಲುದು, ಆ ಪ್ರೀತಿಯ ಅಗಲಿಕೆಯು ತರುಣರ ವಿರಹಕ್ಕಿಂತ ಕಡಮೆಯ ವಸ್ತುವಲ್ಲ, ಎಂಬುದನ್ನು ಒಪ್ಪಿಕೊಂಡ ಚಿತ್ರವದು. ಇಷ್ಟನ್ನು ಮೆಚ್ಚಿದ ಮೇಲೆ ಒಂದು ಕೊರತೆಯನ್ನೂ ಹೇಳಬೇಕಾಗಿದೆ. ಉಪಾಧ್ಯಾಯನು ಜೀವಮಾನವೆಲ್ಲ ದುಡಿದದ್ದಕ್ಕೆ ಸಾಕ್ಷಿಯಾಗಿ ಅವನ ಹಳೆಯ ಶಿಷ್ಯನೊಬ್ಬನು ಕಷ್ಟಕಾಲಕ್ಕೆ ಬಂದೊದಗುತ್ತಾನೆ. ಗೃಹಿಣಿಯು ದುಡಿದದ್ದೂ ಅಷ್ಟೇ ಕಾಲ. ಆದರೆ ಅವಳ ದುಡಿಮೆಯನ್ನು ನೆನೆದು ಬರತಕ್ಕ ಶಿಷ್ಯರು ಯಾರು? ಮಕ್ಕಳೇ ಅವಳ ಶಿಷ್ಯರು, ಅವರೇ ಅವಳನ್ನು ಮರೆತವರು. ಕಥೆಯು ಈ ವಿಷಾದದ ಅಂಚಿನವರೆಗೆ ಬಂದು, ಅದನ್ನು ತಿರುಗಿ ನೋಡದೆ ಮುಂದೆ ಸಾಗುತ್ತದೆ.

ಅಷ್ಟಾದರೂ ಆ ದಾರಿಯಲ್ಲಿ ಹಿಂದೆ ಬಂದವರು ನಡೆದಿದ್ದರೆ ಲೇಸಾಗುತ್ತಿತ್ತು, ನಡೆಯಲಿಲ್ಲ. ಪಂಢರಿಬಾಯಿಯವರ ಕಲಾಜೀವನವನ್ನು ನೋಡಿರಿ. ೧೯೫೪ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜಕುಮಾರರು ಮೊದಲ ಸಲ ನಾಯಕರಾದಾಗ ಅವರ ಪತ್ನಿಯ ಪಾತ್ರವನ್ನು ವಹಿಸಿದವರು ಈಕೆ. ೧೯೬೫ರ ‘ಸತ್ಯ ಹರಿಶ್ಚಂದ್ರ’ದಲ್ಲಿ ಅವರು ಹರಿಶ್ಚಂದ್ರನಾದರೆ ಈಕೆ ಚಂದ್ರಮತಿ. ೧೯೮೬ರಲ್ಲಿ ‘ಅನುರಾಗ ಅರಳಿತು’ ಬಂದಾಗ ರಾಜಕುಮಾರರು ಇನ್ನೂ ಅನುರಾಗದ ನಾಯಕರೇ. ಪಂಢರಿಬಾಯಿಯವರಾದರೋ ಅವರ ತಾಯಿ, ಅದೂ ಹಾಸಿಗೆ ಹಿಡಿದ ತಾಯಿ. ಇಬ್ಬರ ವಯಸ್ಸೂ ಹೆಚ್ಚು ಕಡಮೆ ಒಂದೇ. ತಮಿಳಿನವರು ಇದೇ ನಟಿಯ ವಿಷಯದಲ್ಲಿ ಇನ್ನೂ ಮುಂದೆ ಹೋದರು. ೧೯೬೯ರ ‘ದೈವಮಗನ್’ ಚಿತ್ರದಲ್ಲಿ ಶಿವಾಜಿ ಗಣೇಶನ್ ಅವರು ತಂದೆಯಾಗಿಯೂ ಇಬ್ಬರು ಮಕ್ಕಳಾಗಿಯೂ ತ್ರಿಪಾತ್ರವನ್ನು ಧರಿಸಿದ್ದಾರೆ. ಪಂಢರಿಬಾಯಿಯವರು ಅದರಲ್ಲಿ ಒಬ್ಬ ಶಿವಾಜಿಗೆ ಹೆಂಡತಿ, ಮತ್ತಿಬ್ಬರು ಶಿವಾಜಿಗಳಿಗೆ ತಾಯಿ. ೧೯೭೮ರ ‘ತಾಯಿಗೆ ತಕ್ಕ ಮಗ’ದಲ್ಲಿ ರಾಜಕುಮಾರರ ತಾಯಿಯಾದ ಸಾವಿತ್ರಿಯವರಂತೂ ಅವರಿಗಿಂತ ಕೆಲವು ವರ್ಷ ಕಿರಿಯರು.

ಇದನ್ನು ನಟರ ಮೇಲಣ ದೂಷಣೆಯೆಂದು ವಾಚಕರು ತಿಳಿಯಬಾರದು. ರಾಜಕುಮಾರರ ಅಭಿನಯವನ್ನು ಕುರಿತು ನಮಗಿರುವ ಗೌರವವು ಯಾರಿಗೂ ಕಡಮೆಯದಲ್ಲ. ಇಲ್ಲಿ ವಿಚಾರಿಸತಕ್ಕದ್ದು ಆ ಪದ್ಧತಿಯ ಒಳಗುಟ್ಟು. ನಾಯಕನಿಗೆ ಐವತ್ತು ದಾಟಿದಷ್ಟೂ ಅವನ ಪಕ್ಕದಲ್ಲಿ ಒಬ್ಬ ವೃದ್ಧಮಾತೆ ಅವಶ್ಯವಾಗುತ್ತಾಳೆ. ಏಕೆಂದರೆ ತಾಯಿಯು ಬದುಕಿರುವವರೆಗೆ ಅವನು ಮಗ. ಮಗನೆಂದ ಮೇಲೆ ಅವನು ಹುಡುಗ. “ಏನಪ್ಪಾ ಮಗು, ಊಟ ಮಾಡಿದೆಯಾ?” ಎಂಬ ಒಂದು ಮಾತು ಅವನ ಇಪ್ಪತ್ತು ವರ್ಷಗಳನ್ನು ಅಳಿಸಿಹಾಕುತ್ತದೆ. ಬಣ್ಣಗಾರನು ಮಾಡಲಾರದ ಕೆಲಸವನ್ನು ಆಕೆ ಮಾಡಿಕೊಡುತ್ತಾಳೆ. ನಾಯಕನ ಯೌವನವು ಉಳಿಯಬೇಕಾದರೆ ಅವನ ಓರಗೆಯ ಹೆಣ್ಣೊಬ್ಬಳು ತನ್ನ ವಯಸ್ಸಿಗಿಂತ ಮುಂಚಿತವಾಗಿ ಮುದುಕಿಯಾಗಬೇಕು. ನಮ್ಮ ಚಿತ್ರಗಳ ಮಾತೃಪೂಜೆಯಲ್ಲಿ ಭಕ್ತಿಯ ಭಾಗವೆಷ್ಟು, ಈ ಉಪಯೋಗದ ಭಾಗವೆಷ್ಟು ಎಂದು ಬಿಡಿಸಿ ಹೇಳುವುದು ಸುಲಭವಲ್ಲ.

ಇಂಥ ತಾಯಿಯ ದಿನಚರಿಯನ್ನು ನಮ್ಮ ವಾಚಕರಲ್ಲಿ ಅನೇಕರು ಬಾಯಿಪಾಠವಾಗಿ ಹೇಳಬಲ್ಲರು. ಹೊಲಿಗೆಯ ಯಂತ್ರವನ್ನು ತುಳಿಯುವುದು, ದೇವರ ಪಟದ ಮುಂದೆ ನಿಂತು ಗಂಟಲು ಬಿಗಿದುಕೊಳ್ಳುವುದು, ಕೆಮ್ಮುವುದು, ಕೆಮ್ಮನ್ನು ಮಗನಿಂದ ಮರೆಮಾಚುವುದು, ಕಡೆಯಲ್ಲಿ ಅವನ ತೊಡೆಯ ಮೇಲೆ ತಲೆಯಿಟ್ಟು ಒಂದು ರಹಸ್ಯವನ್ನು ಅರ್ಧ ಹೇಳಿ ಕಣ್ಣು ಮುಚ್ಚುವುದು. ಮುಖದಲ್ಲಿ ಒಂದು ನೆರಿಗೆಯಿಲ್ಲ. ತಲೆಗೆ ಮಾತ್ರ ಸುಣ್ಣ ಬಳಿದಂತೆ ಬಿಳುಪು. ಆಕೆಗೆ ನೆರೆಹೊರೆಯ ಗೆಳತಿಯರಿರುವುದಿಲ್ಲ, ತವರಿನ ನೆನಪಿರುವುದಿಲ್ಲ, ಒಂದು ತಿಂಡಿಯ ಮೇಲಾಗಲಿ ಒಂದು ಸೀರೆಯ ಮೇಲಾಗಲಿ ಆಸೆಯಿರುವುದಿಲ್ಲ. ಹಾಸ್ಯದ ಮಾತನ್ನು ಆಕೆ ಆಡಿದ್ದುಂಟೆ? ನಮ್ಮ ನಿಮ್ಮ ಮನೆಗಳ ಅಜ್ಜಿಯರಲ್ಲಿ ಯಾರು ಹೀಗಿದ್ದರು? ಬಾಯಿ ಬಿಟ್ಟರೆ ಗಾದೆ, ಕಣ್ಣು ಬಿಟ್ಟರೆ ಮನೆಯ ಲೆಕ್ಕ, ಬೇಕಾದವರಿಗೆ ಒಂದು ಹಿಡಿ ಹೆಚ್ಚು, ಬೇಡದವರಿಗೆ ಒಂದು ಕೊಂಕು ಹೆಚ್ಚು. ಪಕ್ಷಪಾತ, ಜಾಣತನ, ಹಟ, ಕನಿಕರ ಎಲ್ಲವೂ ಒಂದೇ ಸೆರಗಿನಲ್ಲಿ ಗಂಟುಬಿದ್ದ ಜೀವಗಳು ಅವು. ಚಿತ್ರಗಳು ಈ ಗಂಟನ್ನು ಬಿಚ್ಚಿ ಎರಡು ಪಾಲು ಮಾಡಿದವು. ಕನಿಕರವೆಲ್ಲ ತಾಯಿಗೆ, ಹಟವೆಲ್ಲ ಅತ್ತೆಗೆ! ಒಬ್ಬಳೇ ಹೆಂಗಸು ಒಬ್ಬನಿಗೆ ತಾಯಿಯೂ ಇನ್ನೊಬ್ಬಳಿಗೆ ಅತ್ತೆಯೂ ಆಗಿರುವಳೆಂಬ ಸಾಮಾನ್ಯ ಸಂಗತಿಯು ನಮ್ಮ ಕಥಾಲೇಖಕರಿಗೆ ಹೊಳೆದದ್ದು ಅಪರೂಪ.

ಈ ಬಡತನವು ನಮಗೆ ಪರಂಪರೆಯಿಂದ ಬಂದುದೆಂದು ಕೆಲವರು ಹೇಳಬಹುದು. ಆಲಂಕಾರಿಕರು ನಾಯಿಕೆಯರನ್ನು ಮುಗ್ಧೆ, ಮಧ್ಯೆ, ಪ್ರಗಲ್ಭೆ ಎಂದು ವಿಂಗಡಿಸಿದಾಗ ಶೃಂಗಾರವನ್ನೇ ಅಳತೆಗೋಲಾಗಿ ಇಟ್ಟುಕೊಂಡರು. ವೃದ್ಧೆಗೆ ಆ ಪಟ್ಟಿಯಲ್ಲಿ ಜಾಗವೇ ಇಲ್ಲ. ಯಕ್ಷಗಾನದಲ್ಲಿಯೂ ಮಂಥರೆಯ ವೇಷವು ಸಾಮಾನ್ಯವಾಗಿ ಹಾಸ್ಯಗಾರನ ಪಾಲಿಗೆ ಬರತಕ್ಕದ್ದು. ಇದೆಲ್ಲ ನಿಜವೇ. ಆದರೆ ಶಾಸ್ತ್ರವು ಬಿಟ್ಟದ್ದನ್ನು ಕವಿಗಳು ಬಿಡಲಿಲ್ಲ. ಪಂಪನಲ್ಲಿಯೂ ಕುಮಾರವ್ಯಾಸನಲ್ಲಿಯೂ ಕರ್ಣನನ್ನು ಕಾಣಲು ಹೋಗುವ ಕುಂತಿಯನ್ನು ನೆನೆಯಿರಿ. ತೊರೆದ ಮಗನ ಮುಂದೆ ಉಳಿದ ಮಕ್ಕಳಿಗಾಗಿ ಕೈಯೊಡ್ಡುವ ಆ ಮುಪ್ಪಿನ ತಾಯಿಯಲ್ಲಿ ವಾತ್ಸಲ್ಯವೆಷ್ಟು, ಅಪರಾಧದ ಅರಿವೆಷ್ಟು, ರಾಜಕಾರಣವೆಷ್ಟು ಎಂದು ಓದುಗನು ಇಂದಿಗೂ ತೂಗಿ ಮುಗಿಸಲಾರ. ರನ್ನನ ಗಾಂಧಾರಿಯು ಮಕ್ಕಳೆಲ್ಲ ಅಳಿದ ಮೇಲೆ ಯುದ್ಧರಂಗಕ್ಕೇ ಬಂದು, ಉಳಿದ ಒಬ್ಬ ಮಗನೊಡನೆ ಸಂಧಿಯ ಮಾತನ್ನಾಡುತ್ತಾಳೆ. ಜನ್ನನ ಚಂದ್ರಮತಿಯ ಮಾತೃಪ್ರೇಮವಾದರೋ ಭಯಂಕರವಾದದ್ದು. ಹಿಟ್ಟಿನ ಕೋಳಿಯನ್ನಾದರೂ ಬಲಿಗೊಡು ಎಂದು ಮಗನನ್ನು ಒತ್ತಾಯಿಸಿ, ಅವನನ್ನೂ ತನ್ನನ್ನೂ ಜನ್ಮಜನ್ಮಾಂತರದ ದುಃಖಕ್ಕೆ ಈಡುಮಾಡಿದವಳು ಆಕೆ. ತಾಯಿಯ ಪ್ರೀತಿಯಿಂದಲೇ ಕೇಡು ಹುಟ್ಟಬಹುದೆಂಬ ಈ ಎದೆಗಾರಿಕೆಯ ನೋಟವು ಹದಿಮೂರನೆಯ ಶತಮಾನದ ಜೈನಕವಿಗೆ ಸಾಧ್ಯವಾಯಿತು. ನಮ್ಮ ಚಿತ್ರಕಾರರು ಅದರ ನೆರಳನ್ನೂ ತುಳಿದಿಲ್ಲ. ಆದುದರಿಂದ ಪರಂಪರೆಯ ಮೇಲೆ ಹೊರೆ ಹೊರಿಸುವುದು ನ್ಯಾಯವಲ್ಲ.

ವೃದ್ಧೆಯನ್ನೇ ನಡುಮನೆಗೆ ಕರೆತಂದು ಕೂರಿಸಿದ ಕೀರ್ತಿ ಪ್ರೇಮಾ ಕಾರಂತರದು. ಎಂ. ಕೆ. ಇಂದಿರಾ ಅವರ ‘ಫಣಿಯಮ್ಮ’ ಕಾದಂಬರಿಯು ೧೯೭೬ರಲ್ಲಿ ಪ್ರಕಟವಾಯಿತು. ಪ್ರೇಮಾ ಅವರ ಚಿತ್ರವು ೧೯೮೩ರಲ್ಲಿ ಬಂದಿತು. ಬಾಲ್ಯದಲ್ಲಿಯೇ ಮದುವೆ, ಅದರ ಬೆನ್ನಿಗೇ ವೈಧವ್ಯ, ಪ್ರಾಯಕ್ಕೆ ಬಂದೊಡನೆ ಕೇಶಮುಂಡನ, ಆಮೇಲೆ ಮಲೆನಾಡಿನ ದೊಡ್ಡ ಕುಟುಂಬವೊಂದರ ಹಿತ್ತಿಲಿನಿಂದ ಜಗಲಿಯವರೆಗಿನ ಸಮಸ್ತ ದುಡಿಮೆ, ಹೀಗೆ ದೀರ್ಘವಾದ ಆಯುಷ್ಯವೊಂದು ಸವೆಯುತ್ತದೆ. ಇದನ್ನು ಅಳುವಿನ ಕಥೆಯಾಗಿ ಮಾಡುವುದು ಎಷ್ಟು ಸುಲಭವಾಗಿತ್ತು! ಫಣಿಯಮ್ಮ ಅಳುವುದಿಲ್ಲ, ನೋಡುತ್ತಾಳೆ. ಮನೆಯವರು ಮಡಿಯೆಂದು ತನ್ನ ಮೇಲೆ ಹೊರಿಸಿದ್ದನ್ನು ಚಾಚೂ ತಪ್ಪದೆ ಆಚರಿಸುತ್ತ, ಆ ಆಚರಣೆಯ ಒಳಗೇ ನಿಂತು, ಅದರ ಟೊಳ್ಳನ್ನು ಯಾರಿಗಿಂತಲೂ ಚೆನ್ನಾಗಿ ಕಂಡುಕೊಳ್ಳುತ್ತಾಳೆ. ಅಸ್ಪೃಶ್ಯಳೆಂದು ದೂರವಿಡಲ್ಪಟ್ಟ ಹೆಂಗಸೊಬ್ಬಳ ಹೆರಿಗೆಯು ಕಷ್ಟವಾದಾಗ ಕಟ್ಟಳೆಯನ್ನು ಬದಿಗಿಟ್ಟು ನೆರವಾಗುತ್ತಾಳೆ. ದಾಕ್ಷಾಯಿಣಿಯೆಂಬ ತರುಣ ವಿಧವೆ ಕ್ಷೌರದ ಕತ್ತಿಗೆ ತಲೆಯೊಡ್ಡಲು ಒಪ್ಪದೆ ಸಿಡಿದು ನಿಂತಾಗ, ಮನೆಯ ಹಿರಿಯರೆಲ್ಲ ಬೆಚ್ಚಿಬಿದ್ದರೆ, ಜೀವಮಾನವೆಲ್ಲ ಆ ಕತ್ತಿಗೆ ತಲೆಬಾಗಿದ ಮುದುಕಿ ಹುಡುಗಿಯ ಪಕ್ಷವನ್ನು ಹಿಡಿಯುತ್ತಾಳೆ. ತಾನು ಪಟ್ಟದ್ದನ್ನು ಇನ್ನೊಬ್ಬಳೂ ಪಡಲಿ ಎಂಬುದು ಲೋಕದ ಅತ್ತೆಯರ ನ್ಯಾಯ; ತಾನು ಪಟ್ಟದ್ದೇ ಸಾಕು ಎಂಬುದು ಫಣಿಯಮ್ಮನ ನ್ಯಾಯ. ಈ ತೀರ್ಮಾನಕ್ಕೆ ಆಕೆಯನ್ನು ತಂದದ್ದು ಉಪದೇಶವಲ್ಲ, ಪುಸ್ತಕವಲ್ಲ, ವಯಸ್ಸು. ಮುಪ್ಪೆಂದರೆ ಶಕ್ತಿಗುಂದುವುದು ಮಾತ್ರವೆಂದು ತೋರಿಸುತ್ತ ಬಂದಿದ್ದ ಬೆಳ್ಳಿತೆರೆಯ ಮೇಲೆ, ಮುಪ್ಪು ಒಂದು ಬಗೆಯ ಅಧಿಕಾರವೂ ಹೌದೆಂದು ಇಷ್ಟು ಮೆತ್ತಗೆ ತೋರಿಸಿದ ಚಿತ್ರ ನಮಗೆ ಬೇರೆ ಕಂಡಿಲ್ಲ. ಎಲ್. ವಿ. ಶಾರದಾ ಅವರ ಅಭಿನಯವು ಇದಕ್ಕೆ ಅನುರೂಪವಾದದ್ದು. ‘ವಂಶವೃಕ್ಷ’ದಲ್ಲಿ ಪುನರ್ವಿವಾಹವಾಗುವ ವಿಧವೆ ಕಾತ್ಯಾಯನಿಯಾಗಿ ಕಂಡಿದ್ದ ನಟಿಯೇ ಇಲ್ಲಿ ಈ ಮೌನಿಯಾಗಿದ್ದಾರೆಂಬುದು ಆ ಎರಡು ಚಿತ್ರಗಳನ್ನೂ ಕಂಡವರಿಗೆ ಚಿಂತನೆಗೆ ವಸ್ತುವಾದೀತು.

ಶಿವರಾಮ ಕಾರಂತರ ಮೂಕಜ್ಜಿಯ ವಿಷಯ ಬೇರೆ. ೧೯೬೮ರ ‘ಮೂಕಜ್ಜಿಯ ಕನಸುಗಳು’ ಕಾದಂಬರಿಯು ೨೦೧೯ರವರೆಗೆ ತೆರೆಗೆ ಬಾರದೆ ಉಳಿದದ್ದಕ್ಕೆ ಕಾರಣವನ್ನು ಊಹಿಸಬಹುದು. ಎಂಬತ್ತರ ಮುದುಕಿಯೊಬ್ಬಳು ಅಶ್ವತ್ಥದ ನೆರಳಿನಲ್ಲಿ ಕುಳಿತು ಮೊಮ್ಮಗನೊಡನೆ ದೇವರು, ಕಾಮ, ಸಂನ್ಯಾಸ ಇವುಗಳನ್ನು ಕುರಿತು ಮಾತನಾಡುವುದನ್ನು ಹಣ ಕೊಟ್ಟು ನೋಡುವವರಾರು ಎಂದು ನಿರ್ಮಾಪಕರು ಅಳುಕಿದ್ದರೆ ಆಶ್ಚರ್ಯವಿಲ್ಲ. ಪಿ. ಶೇಷಾದ್ರಿಯವರು ಅಳುಕಲಿಲ್ಲ. ಚಿತ್ರವು ಕಾದಂಬರಿಯ ವಿಸ್ತಾರವನ್ನು ಮುಟ್ಟಲಾರದೆಂಬುದು ನಿಜ; ಅಜ್ಜಿಯ ಒಳಗಣ್ಣಿಗೆ ಕಂಡ ಸಾವಿರಾರು ವರ್ಷಗಳ ಚರಿತ್ರೆಯನ್ನು ಓದುಗನ ಕಲ್ಪನೆಯು ಕಟ್ಟಿಕೊಂಡಷ್ಟು ಸಮರ್ಥವಾಗಿ ಛಾಯಾಗ್ರಾಹಕ ಯಂತ್ರವು ಕಟ್ಟಲಾರದು. ಆದರೆ ಆ ಚಿತ್ರದಲ್ಲಿ ಅಮೂಲ್ಯವಾದದ್ದೊಂದುಂಟು. ಅದು ಬಿ. ಜಯಶ್ರೀ ಅವರ ಮುಖ. ೧೯೫೦ರಲ್ಲಿ ಹುಟ್ಟಿ, ಗುಬ್ಬಿ ವೀರಣ್ಣನವರ ಮೊಮ್ಮಗಳಾಗಿ ರಂಗಭೂಮಿಯ ಮಡಿಲಲ್ಲೇ ಬೆಳೆದ ಈ ಕಲಾವಿದೆಗೆ ಆಗ ಎಪ್ಪತ್ತರ ಸಮೀಪ. ಆ ಮುಖದ ವಯಸ್ಸು ಬಣ್ಣದ ಪೆಟ್ಟಿಗೆಯಿಂದ ಬಂದದ್ದಲ್ಲ. ಕಂಠದಲ್ಲಿ ಐವತ್ತು ವರ್ಷಗಳ ನಾಟಕದ ಗರಗರಿಕೆಯಿದೆ. ಕೂತು ಏಳುವಾಗ ಮೊಣಕಾಲು ಸುಳ್ಳು ಹೇಳುವುದಿಲ್ಲ.

ಇಲ್ಲಿ ಒಂದು ಕಹಿಯಾದ ಮಾತನ್ನು ಆಡಲೇಬೇಕು. ನಮ್ಮ ಒಳ್ಳೆಯ ಚಿತ್ರಗಳು ಸಹ ಮುದುಕಿಯ ಕಥೆಯನ್ನು ಒಪ್ಪಿಕೊಂಡಷ್ಟು ಬೇಗ ಮುದುಕಿಯಾದ ನಟಿಯನ್ನು ಒಪ್ಪಿಕೊಂಡಿಲ್ಲ. ಫಣಿಯಮ್ಮನ ವಾರ್ಧಕ್ಯವನ್ನು ಅಭಿನಯಿಸಿದವರು ತರುಣಿ. ಭೈರಪ್ಪನವರ ‘ನಾಯಿ ನೆರಳು’ ಕಾದಂಬರಿಯನ್ನು ಗಿರೀಶ ಕಾಸರವಳ್ಳಿಯವರು ೨೦೦೬ರಲ್ಲಿ ಚಿತ್ರಕ್ಕೆ ತಂದಾಗ, ಪುನರ್ಜನ್ಮದ ವಾದವನ್ನು ಹಿಂದಕ್ಕೆ ಸರಿಸಿ ಎಲ್ಲ ಬೆಳಕನ್ನೂ ವೆಂಕಟಲಕ್ಷ್ಮಿಯ ಮೇಲೆ ಚೆಲ್ಲಿದರು. ಸತ್ತ ಗಂಡನೇ ಮರಳಿ ಹುಟ್ಟಿ ಬಂದಿದ್ದಾನೆಂದು ಮನೆಯವರು ಇಪ್ಪತ್ತರ ಯುವಕನೊಬ್ಬನನ್ನು ಕರೆತಂದರೆ, ಬೆಳೆದ ಮಗಳಿರುವ ಆ ವಿಧವೆ ಅವನನ್ನು ಏನೆಂದು ಕಾಣಬೇಕು? ಆಕೆಯ ಬಯಕೆಯನ್ನು ಚಿತ್ರವು ಅಪಹಾಸ್ಯಕ್ಕೆ ಗುರಿಮಾಡದೆ, ಪಾಪವೆಂದು ಹಣೆಗೆ ಹಚ್ಚದೆ, ಗಂಭೀರವಾಗಿ ನೋಡಿದ್ದು ಕನ್ನಡ ಚಿತ್ರಪ್ರಪಂಚದಲ್ಲಿ ವಿರಳವಾದ ಸಾಹಸ. ಆ ಪಾತ್ರದಲ್ಲಿ ಪವಿತ್ರಾ ಲೋಕೇಶ್ ಅವರು ಸಂಯಮದಿಂದ ಅಭಿನಯಿಸಿದ್ದಾರೆ. ಆದರೆ ಅವರೂ ಆ ಪಾತ್ರದ ವಯಸ್ಸನ್ನು ಆಗ ಮುಟ್ಟಿರಲಿಲ್ಲ. ಪರಿಣಾಮವೇನು? ಪ್ರೇಕ್ಷಕನು ವಯಸ್ಸಿನ ಅಂತರವನ್ನು ಬುದ್ಧಿಯಿಂದ ತಿಳಿಯುತ್ತಾನೆ, ಕಣ್ಣಿನಿಂದ ಕಾಣುವುದಿಲ್ಲ. ಕಥೆಯು ಅವನ ಮುಂದಿಡಬಯಸಿದ ಇರುಸುಮುರುಸಿನಿಂದ ಅವನು ಅರ್ಧ ಪಾರಾಗುತ್ತಾನೆ.

ಇನ್ನು ಉಮಾಶ್ರೀಯವರು. ಇವರ ವಿಷಯದಲ್ಲಿ ವಿಮರ್ಶಕರು ತೋರಿಸುವ ಮಡಿವಂತಿಕೆಯನ್ನು ನಾವು ಒಪ್ಪಲಾರೆವು. ದೇವನೂರ ಮಹಾದೇವರ ‘ಒಡಲಾಳ’ವು ರಂಗಕ್ಕೆ ಬಂದಾಗ ಸಾಕವ್ವನಾಗಿ ಪ್ರಸಿದ್ಧರಾದ ಈ ನಟಿ, ೧೯೯೫ರ ‘ಪುಟ್ನಂಜ’ದಲ್ಲಿ ನಾಯಕನ ಅಜ್ಜಿ ಪುಟ್ಮಲ್ಲಿಯಾದರು. ನಾಯಕರಾದ ರವಿಚಂದ್ರನ್ ಹುಟ್ಟಿದ್ದು ೧೯೬೧ರಲ್ಲಿ, ಅಜ್ಜಿ ಹುಟ್ಟಿದ್ದು ೧೯೫೭ರಲ್ಲಿ! ನಾಲ್ಕು ವರ್ಷದ ಹಿರಿಯಳು ಅಜ್ಜಿಯಾಗುವುದು ನಾವು ಮೇಲೆ ಹೇಳಿದ ಪದ್ಧತಿಯ ಪರಾಕಾಷ್ಠೆಯೇ ಸರಿ. ಚಿತ್ರದ ಅಭಿರುಚಿಯನ್ನು ಕುರಿತು ಸಂಭಾವಿತರು ಮುಖ ಸಿಂಡರಿಸುವುದೂ ಉಂಟು. ಆದರೂ ಕೇಳಿರಿ: ಪುಟ್ಮಲ್ಲಿ ಮಾತನಾಡುತ್ತಾಳೆ. ಹಳ್ಳಿಯ ಮಾತನ್ನು ಬಾಯಿತುಂಬ ಆಡುತ್ತಾಳೆ, ಬೈಯುತ್ತಾಳೆ, ಕುಣಿಯುತ್ತಾಳೆ, ಪಟ್ಟು ಹಿಡಿಯುತ್ತಾಳೆ, ಆಕೆಗೆ ದೇಹವಿದೆ. ನಮ್ಮ ಪೂಜ್ಯಮಾತೆಗೆ ಇಲ್ಲದಿದ್ದ ಎಷ್ಟೋ ಸ್ವಾತಂತ್ರ್ಯಗಳು ಈ ವಿನೋದದ ಮುದುಕಿಗೆ ಇವೆ. ಗೌರವವನ್ನು ಕಳೆದುಕೊಂಡವಳಿಗೆ ಬಾಯಿ ಬಂತು, ಗೌರವವನ್ನು ಉಳಿಸಿಕೊಂಡವಳಿಗೆ ಬಾಯಿ ಹೋಯಿತು; ನಮ್ಮ ಚಿತ್ರಗಳು ಮಾಡಿಕೊಂಡ ವಿಚಿತ್ರವಾದ ಒಪ್ಪಂದವಿದು. ಸಾಕವ್ವನ ಪಾತ್ರವನ್ನು ಬಲ್ಲವರಿಗೆ ಈ ಒಪ್ಪಂದವು ಅನಿವಾರ್ಯವಲ್ಲವೆಂಬುದೂ ಗೊತ್ತು. ಕಳೆದುಹೋದ ಹುಂಜವನ್ನು ಹುಡುಕುತ್ತ ಊರನ್ನೇ ತರಾಟೆಗೆ ತೆಗೆದುಕೊಳ್ಳುವ ಆ ಅವ್ವನಲ್ಲಿ ನಗುವೂ ಘನತೆಯೂ ಜೊತೆಯಾಗಿಯೇ ಇವೆ. ಒಂದಕ್ಕಾಗಿ ಇನ್ನೊಂದನ್ನು ಮಾರಬೇಕಾಗಿ ಬಂದಿಲ್ಲ.

ಇದೇ ನಟಿಗೆ ೨೦೦೮ರ ‘ಗುಲಾಬಿ ಟಾಕೀಸ್’ ರಾಷ್ಟ್ರಪ್ರಶಸ್ತಿಯನ್ನು ತಂದಿತು. ವೈದೇಹಿಯವರ ಕಥೆಯನ್ನು ಆಧರಿಸಿ ಕಾಸರವಳ್ಳಿಯವರು ಮಾಡಿದ ಚಿತ್ರವದು. ಕರಾವಳಿಯ ಮೀನುಗಾರರ ಕೇರಿಯಲ್ಲಿ ಒಂಟಿಯಾಗಿ ಬಾಳುವ ಮುಸಲ್ಮಾನ ಸೂಲಗಿತ್ತಿ ಗುಲಾಬಿಗೆ ನಡುವಯಸ್ಸು, ಗಂಡನು ಬಿಟ್ಟುಹೋದವನು. ಆಕೆಗೆ ಸಿನೆಮಾ ಎಂದರೆ ಪ್ರಾಣ. ಹೆರಿಗೆ ಮಾಡಿಸಿದ್ದಕ್ಕೆ ಪ್ರತಿಫಲವಾಗಿ ದೂರದರ್ಶನದ ಪೆಟ್ಟಿಗೆಯೊಂದು ಮನೆಗೆ ಬಂದಾಗ, ಕೇರಿಯ ಹೆಂಗಸರು ಜಾತಿಮತಗಳ ಹೊಸಲನ್ನು ದಾಟಿ ಅದರ ಮುಂದೆ ನೆರೆಯುತ್ತಾರೆ. ಮುಂದೆ ಕಾಲ ಕೆಟ್ಟಾಗ ಅದೇ ಮನೆ ಕೇರಿಗೆ ಕಣ್ಣುರಿಯಾಗುತ್ತದೆ. ತೆರೆಯ ಮೇಲೆ ತನ್ನಂಥವಳನ್ನು ಎಂದೂ ಕಾಣದ ಹೆಂಗಸೊಬ್ಬಳು ತೆರೆಯನ್ನು ಇಷ್ಟು ಪ್ರೀತಿಸುವುದನ್ನು ನೋಡುತ್ತ, ಚಿತ್ರಮಂದಿರದ ಕತ್ತಲಲ್ಲಿ ಇಷ್ಟು ಕಾಲ ಕುಳಿತಿದ್ದ ನಮ್ಮ ತಾಯಂದಿರೂ ಅತ್ತೆಯರೂ ಅಲ್ಲಿ ಏನನ್ನು ಕಂಡರೋ ಎಂಬ ಯೋಚನೆ ಬಾರದಿರದು. ೨೦೨೧ರಲ್ಲಿ ಆರಂಭವಾದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಲ್ಲಿ ಉಮಾಶ್ರೀಯವರು ಗಂಡನಿಂದ ದೂರವಾಗಿ, ಊಟದ ಮೆಸ್ಸನ್ನು ನಡೆಸಿ, ಮೂವರು ಹೆಣ್ಣುಮಕ್ಕಳನ್ನು ಸಾಕುವ ತಾಯಿ. ಧಾರಾವಾಹಿಗಳ ಎಳೆದಾಟ, ಗುಡುಗಿನ ಸದ್ದು, ಬಾಗಿಲ ಸಂದಿಯ ಪಿತೂರಿ, ಇವೆಲ್ಲವನ್ನೂ ಕಳೆದ ಮೇಲೂ, ಸಂಜೆಯ ಹೊತ್ತಿನಲ್ಲಿ ಮನೆಮನೆಯ ಕಥಾಕೇಂದ್ರವಾಗಿ ಒಬ್ಬ ದುಡಿಯುವ ಪ್ರೌಢಸ್ತ್ರೀ ನಿಂತಳೆಂಬುದನ್ನು ಅಲ್ಲಗಳೆಯಲಾಗದು.

ಫಣಿಯಮ್ಮ, ಮೂಕಜ್ಜಿ, ವೆಂಕಟಲಕ್ಷ್ಮಿ, ಗುಲಾಬಿ, ಪುಟ್ಟಕ್ಕ, ಇವರನ್ನೆಲ್ಲ ಸಾಲಾಗಿ ನಿಲ್ಲಿಸಿ ನೋಡಿದರೆ ಒಂದು ಸಂಗತಿ ಕಣ್ಣಿಗೆ ಹೊಡೆಯುತ್ತದೆ. ಮೊದಲಿಬ್ಬರು ಬಾಲವಿಧವೆಯರು, ಮೂರನೆಯವಳು ವಿಧವೆ, ಕಡೆಯ ಇಬ್ಬರು ಗಂಡ ಬಿಟ್ಟವರು. ಗಂಡನೊಡನೆ ನಲವತ್ತು ವರ್ಷ ಸಂಸಾರ ಮಾಡಿ, ಮಕ್ಕಳನ್ನು ದಡ ಸೇರಿಸಿ, ಅರವತ್ತರಲ್ಲಿ ಕನ್ನಡಕವನ್ನೇರಿಸಿಕೊಂಡು ಪತ್ರಿಕೆಯನ್ನು ಬಿಡಿಸುವ, ತನ್ನ ಬಾಳನ್ನು ಕುರಿತು ತನ್ನದೇ ಆದ ತೀರ್ಮಾನಕ್ಕೆ ಬಂದಿರುವ ಸಾಮಾನ್ಯ ಗೃಹಿಣಿಯೊಬ್ಬಳು ಈ ಸಾಲಿನಲ್ಲಿಲ್ಲ. ಗಂಡಸಿನ ನೆರಳು ಸರಿದಲ್ಲಿ ಮಾತ್ರ ಮುದುಕಿಯ ಬುದ್ಧಿಗೆ ಬಿಸಿಲು ಬೀಳುವುದೆಂದು ನಮ್ಮ ಉತ್ತಮ ನಿರ್ದೇಶಕರೂ ತಿಳಿದಂತಿದೆ. ಸುಮಂಗಲಿಯಾದ ವೃದ್ಧೆಯನ್ನು ಅವರು ಜನಪ್ರಿಯ ಚಿತ್ರಗಳವರಿಗೆ ಬಿಟ್ಟುಕೊಟ್ಟಿದ್ದಾರೆ. ಅಲ್ಲಿ ಆಕೆ ಆರತಿ ತಟ್ಟೆಯನ್ನು ಹಿಡಿದು ನಿಂತಿದ್ದಾಳೆ. ನಮ್ಮ ಮನೆಗಳಲ್ಲಿ ಅತ್ಯಧಿಕ ಸಂಖ್ಯೆಯಲ್ಲಿರುವವರು ಇಂಥವರೇ ಆದುದರಿಂದ, ಇದು ಸಣ್ಣ ಲೋಪವಲ್ಲ.

ಅಂಥವಳನ್ನು ಹುಡುಕಿ ಬಹುದೂರ ಹೋಗಬೇಕಾಗಿಯೂ ಇರಲಿಲ್ಲ. ‘ಸ್ಕೂಲ್ ಮಾಸ್ಟರ್’ನ ಗೃಹಿಣಿಯಾಗಿ ಅಭಿನಯಿಸಿದ ರಾಜಮ್ಮನವರು, ಹೆಂಗಸರು ತೆರೆಗೆ ಬರುವುದೇ ಅಪವಾದವಾಗಿದ್ದ ಕಾಲದಲ್ಲಿ ನಾಯಿಕೆಯಾದವರು, ೧೯೪೩ರಲ್ಲಿ ‘ರಾಧಾರಮಣ’ವನ್ನು ತಾವೇ ಹಣ ಹೂಡಿ ನಿರ್ಮಿಸಿದವರು. ಲೆಕ್ಕಪತ್ರ, ನಟವರ್ಗ, ಹಂಚಿಕೆ ಎಲ್ಲವನ್ನೂ ಬಲ್ಲವರು. ಅನಂತರದ ಚಿತ್ರಗಳು ಅವರನ್ನು ನೂಲಿನ ಸೀರೆಯುಡಿಸಿ, ಮಗನ ದಾರಿಯನ್ನು ಕಾಯುತ್ತ ಹೊಸಲಿನಲ್ಲಿ ನಿಲ್ಲಿಸಿದವು. ೧೯೯೯ರಲ್ಲಿ ಅವರು ತೀರಿಕೊಂಡರು.